ಕರಿಬಂಡೆಯಿಂದ ಪೇಟಿಯವರೆಗೆ: ಬಳ್ಳಾರಿ ಸೀಮೆಯ ವಾದ್ಯಗಳ ಚರಿತ್ರೆ

ಬಳ್ಳಾರಿಯಿಂದ ಮೋಕದ ಕಡೆಗೆ ಹೊರಟರೆ ಊರಂಚಿನಲ್ಲೇ ಸಂಗನಕಲ್ಲು, ಕಪ್ಪಗಲ್ಲುಗಳ ಗುಡ್ಡಸಾಲು ಸಿಗುತ್ತದೆ. ಈ ಗುಡ್ಡಗಳು ಕಣಶಿಲೆಯವು. ಅವುಗಳ ಮೈಯನ್ನು ಸೀಳಿಕೊಂಡು ಡಾಲರೈಟ್ ಎಂಬ ಕರಿಕಲ್ಲಿನ ಪಟ್ಟೆಗಳು ಹಾದುಹೋಗಿವೆ. ಆ ಪಟ್ಟೆ ಒಡೆದು ಬಿದ್ದ ಬಂಡೆಗಳ ಪೈಕಿ ಕೆಲವನ್ನು ಕೈಯಲ್ಲಿ ಹಿಡಿಯುವಷ್ಟು ದೊಡ್ಡ ಕಲ್ಲಿನಿಂದ ಬಡಿದರೆ ಕಂಚಿನ ಗಂಟೆಯಂಥ ನಾದ ಏಳುತ್ತದೆ. ಹಾಗೆ ದನಿಗೊಡುವ ಬಂಡೆಗಳ ಮೇಲೆ ನುಣುಪಾದ ಬಟ್ಟಲಿನಾಕಾರದ ಗುಳಿಗಳಿವೆ. ಒಂದೇ ಜಾಗದಲ್ಲಿ ಮತ್ತೆ ಮತ್ತೆ ಬಡಿದು ಸವೆದಾಗ ಮಾತ್ರ ಆಗುವ ಗುರುತುಗಳು ಅವು. ಕರ್ನಾಟಕದಲ್ಲಿ ವಾದ್ಯಗಳ ಚರಿತ್ರೆಯನ್ನು ಎಲ್ಲಿಂದ ಆರಂಭಿಸಬೇಕು ಎಂಬ ಪ್ರಶ್ನೆಗೆ ಈ ಗುಡ್ಡಕ್ಕಿಂತ ಒಳ್ಳೆಯ ಉತ್ತರವಿಲ್ಲ. ಇಲ್ಲಿಂದ ಸುಮಾರು ನೂರು ಕಿಲೋಮೀಟರ್ ವ್ಯಾಪ್ತಿಯಲ್ಲಿ ಕಲ್ಲು, ಚರ್ಮ, ತಂತಿ, ಗಾಳಿ, ಕೊನೆಗೆ ವಿದ್ಯುತ್ತಿನವರೆಗೆ ವಾದ್ಯಗಳು ನಡೆದು ಬಂದ ದಾರಿ ಬಹುಮಟ್ಟಿಗೆ ಪೂರ್ತಿಯಾಗಿ ಕಾಣಸಿಗುತ್ತದೆ.

ಈ ಚರಿತ್ರೆಯುದ್ದಕ್ಕೂ ಮೂರು ಸಂಗತಿಗಳು ಜೊತೆಗಿವೆ. ವಾದ್ಯಕ್ಕೆ ಬೇಕಾದ ವಸ್ತು ಮೊದಲನೆಯದು. ಅದನ್ನು ಮಾಡುವ ಮತ್ತು ನುಡಿಸುವ ಕೈ ಎರಡನೆಯದು. ಅದು ಮೊಳಗಬೇಕಾದ ಸಂದರ್ಭ ಮೂರನೆಯದು. ಹೊಸ ವಾದ್ಯ ಬಂದಾಗ ಹಳೆಯದು ತಾನಾಗಿ ಅಳಿದುಹೋಗುವುದಿಲ್ಲ. ಅದನ್ನು ಬಯಸುವ ಸಂದರ್ಭ ಊರಿನಲ್ಲಿ ಇರುವವರೆಗೂ ಅದು ಇರುತ್ತದೆ. ಬಳ್ಳಾರಿ, ಸಿರುಗುಪ್ಪ, ಕುರುಗೋಡು ಭಾಗದಲ್ಲಿ ಹಲಗೆಯೂ ಕೀಬೋರ್ಡೂ ಒಂದೇ ಜಾತ್ರೆಯಲ್ಲಿ ಕೇಳಿಬರುವುದಕ್ಕೆ ಕಾರಣ ಇದೇ.

ದನಿಗೊಡುವ ಬಂಡೆಗಳು

ದಕ್ಷಿಣ ಭಾರತದ ನವಶಿಲಾಯುಗ ಸುಮಾರು ಕ್ರಿ.ಪೂ. 3000ರಿಂದ 1200ರವರೆಗೆ ಹರಡಿದೆ. ಆ ಕಾಲದ ಜನ ದನ ಸಾಕುತ್ತಿದ್ದರು, ಕಾಳು ಬೆಳೆಯುತ್ತಿದ್ದರು, ಸಗಣಿಯ ರಾಶಿ ಸುಟ್ಟು ಬೂದಿದಿಬ್ಬಗಳನ್ನು ಬಿಟ್ಟುಹೋದರು. ಬಳ್ಳಾರಿ–ಹೊಸಪೇಟೆ ರಸ್ತೆಯ ಕುಡತಿನಿಯ ಬೂದಿದಿಬ್ಬ ಅಂಥವುಗಳಲ್ಲಿ ಹೆಸರಾದದ್ದು. ಸಿರುಗುಪ್ಪ ತಾಲ್ಲೂಕಿನ ತೆಕ್ಕಲಕೋಟೆಯ ಗುಡ್ಡಗಳಲ್ಲೂ ಇದೇ ಜನರ ನೆಲೆಗಳಿದ್ದವು. ಅಲ್ಲಿ 1963–64ರಲ್ಲಿ ಎಂ.ಎಸ್. ನಾಗರಾಜರಾವ್ ಅವರ ನೇತೃತ್ವದಲ್ಲಿ ಉತ್ಖನನ ನಡೆಯಿತು.

ಸಂಗನಕಲ್ಲಿನ ವಿಶೇಷವೆಂದರೆ ಅದು ಕಲ್ಲುಕೊಡಲಿಗಳನ್ನು ದೊಡ್ಡ ಪ್ರಮಾಣದಲ್ಲಿ ತಯಾರಿಸುತ್ತಿದ್ದ ಜಾಗ. ಕೊಡಲಿಗೆ ಬಳಸುತ್ತಿದ್ದದ್ದು ಇದೇ ಗುಡ್ಡಸಾಲಿನ ಹಿರೇಗುಡ್ಡದ ಅದೇ ಕರಿಕಲ್ಲು. ಕಲ್ಲು ಒಡೆಯುವವನಿಗೆ ಕಿವಿಯೂ ಒಂದು ಉಪಕರಣ. ಬಿರುಕಿಲ್ಲದ ಗಟ್ಟಿ ಕಲ್ಲು ಬಡಿದಾಗ ಖಣಿಲೆನ್ನುತ್ತದೆ, ಒಳಗೆ ಸೀಳಿರುವ ಕಲ್ಲು ಮಂದ ಸದ್ದು ಮಾಡುತ್ತದೆ. ಡಾಲರೈಟ್ ಸಾಂದ್ರವಾದ, ನವುರು ಕಣಗಳ ಕಲ್ಲು. ಅದರ ಬಂಡೆಯೊಂದು ಬೇರೆ ಬಂಡೆಗಳ ಮೇಲೆ ಎರಡು ಮೂರು ಬಿಂದುಗಳಲ್ಲಿ ಮಾತ್ರ ಕೂತಿದ್ದರೆ ಬಡಿದ ಪೆಟ್ಟಿಗೆ ಮೈಯೆಲ್ಲ ಅದುರಲು ಎಡೆ ಸಿಗುತ್ತದೆ. ನೆಲದಲ್ಲಿ ಹೂತ ಬಂಡೆಗೆ ಆ ಅವಕಾಶವಿಲ್ಲ. ಕೆಲವು ಬಂಡೆ ನುಡಿದು ಪಕ್ಕದ್ದು ಮೂಕವಾಗಿರುವುದರ ಗುಟ್ಟು ಇದು.

ಆ ಬಂಡೆಗಳ ನಡುವೆಯೇ ಉದ್ದ ಕೋಡಿನ, ಇಣಿಯುಳ್ಳ ದನಗಳ ಚಿತ್ರಗಳನ್ನು ಕುಟ್ಟಿ ಮೂಡಿಸಲಾಗಿದೆ. ಮನುಷ್ಯಾಕೃತಿಗಳೂ ಇವೆ. ಕೆಲವು ಚಿತ್ರಗಳು ಸುಲಭವಾಗಿ ಕೈಗೆಟುಕದ ಎತ್ತರದಲ್ಲಿವೆ. ಚಿತ್ರ ಕೆತ್ತುವುದೂ ಬಂಡೆ ಬಡಿಯುವುದೂ ಒಂದೇ ಆಚರಣೆಯ ಎರಡು ಮುಖಗಳಾಗಿದ್ದವು ಎಂಬುದು ಸಂಶೋಧಕರ ಊಹೆ. ಚಿತ್ರವನ್ನು ಕುಟ್ಟಿದಾಗಲೂ ಸದ್ದು ಹುಟ್ಟುತ್ತದೆ, ಸದ್ದಿಗಾಗಿ ಕುಟ್ಟಿದಾಗಲೂ ಗುರುತು ಉಳಿಯುತ್ತದೆ. ಇಷ್ಟು ಎತ್ತರದ ಗುಡ್ಡದಿಂದ ಹೊರಟ ನಾದ ಕೆಳಗಿನ ಬಯಲಿನುದ್ದಕ್ಕೂ ಕೇಳುತ್ತಿತ್ತು ಎಂಬುದಕ್ಕೆ ಊಹೆ ಬೇಕಿಲ್ಲ.

ಈ ಚಿತ್ರಗಳ ಬಗ್ಗೆ ಮೊದಲು ಬರೆದು ಪ್ರಕಟಿಸಿದವನು ಎಫ್. ಫಾಸೆಟ್, 1892ರಲ್ಲಿ. ಬಳ್ಳಾರಿ ಜಿಲ್ಲೆಯ ಭೂವಿಜ್ಞಾನದ ಬಗ್ಗೆ 1895ರಲ್ಲಿ ಗ್ರಂಥ ಬರೆದ ರಾಬರ್ಟ್ ಬ್ರೂಸ್ ಫೂಟ್ ಈ ಸೀಮೆಯ ಶಿಲಾಯುಗದ ನೆಲೆಗಳನ್ನು ಬೆಳಕಿಗೆ ತಂದ. 1948ರಲ್ಲಿ ಬಿ. ಸುಬ್ಬರಾವ್ ಅವರ ಬಳ್ಳಾರಿಯ ಶಿಲಾಯುಗ ಸಂಸ್ಕೃತಿಗಳ ಅಧ್ಯಯನ ಪ್ರಕಟವಾಯಿತು. ನಾದದ ಕಡೆಗೆ ಜಗತ್ತಿನ ಗಮನ ಹೊರಳಿದ್ದು 2004ರಲ್ಲಿ, ಪುರಾತತ್ವಜ್ಞೆ ನಿಕೋಲ್ ಬೋಯ್ವಿನ್ ‘ಆಂಟಿಕ್ವಿಟಿ’ ಪತ್ರಿಕೆಯಲ್ಲಿ ಈ ಬಂಡೆಗಳನ್ನು ನವಶಿಲಾಯುಗದ ಸಂಗೀತದೊಂದಿಗೆ ಜೋಡಿಸಿ ಬರೆದಾಗ. ಗುಡ್ಡವನ್ನು ಕಲ್ಲುಗಣಿಗಾರಿಕೆ ನುಂಗುತ್ತಿದೆ ಎಂಬ ಎಚ್ಚರಿಕೆಯೂ ಆಗ ಕೇಳಿಬಂತು. ಇಂದು ಬಳ್ಳಾರಿ ನಗರದಲ್ಲಿ ಫೂಟ್ ಹೆಸರಿನ ಸಂಗನಕಲ್ಲು ವಸ್ತುಸಂಗ್ರಹಾಲಯವಿದೆ. ಅದರ ಹಿಂದೆ ಪುರಾತತ್ವಜ್ಞ ರವಿ ಕೋರಿಶೆಟ್ಟರ್ ಅವರ ದುಡಿಮೆಯಿದೆ.

ಜಗತ್ತಿನ ಬೇರೆಡೆ ಇನ್ನೂ ಹಳೆಯ ವಾದ್ಯಗಳು ಸಿಕ್ಕಿವೆ. ಜರ್ಮನಿಯ ಹೋಲೆ ಫೆಲ್ಸ್ ಗುಹೆಯಲ್ಲಿ 2008ರಲ್ಲಿ ದೊರೆತ ರಣಹದ್ದಿನ ಮೂಳೆಯ ಕೊಳಲಿಗೆ 35,000 ವರ್ಷಕ್ಕೂ ಹೆಚ್ಚಿನ ವಯಸ್ಸು. ಚೀನಾದ ಜಿಯಾಹುವಿನ ಕೊಕ್ಕರೆ ಮೂಳೆಯ ಕೊಳಲುಗಳು ಎಂಟೊಂಬತ್ತು ಸಾವಿರ ವರ್ಷ ಹಿಂದಿನವು. ನುಡಿವ ಬಂಡೆಗಳು ಆಫ್ರಿಕಾದ ನೈಜೀರಿಯಾ, ಟಾಂಜಾನಿಯಾಗಳಲ್ಲೂ ಇವೆ. ಆದರೆ ಮೂಳೆಯ ಕೊಳಲು ವಸ್ತುಸಂಗ್ರಹಾಲಯದ ಗಾಜಿನೊಳಗೆ ಕೂತಿದೆ. ಕಪ್ಪಗಲ್ಲಿನ ಬಂಡೆ ತಾನು ಹುಟ್ಟಿದ ಜಾಗದಲ್ಲೇ ಇದೆ, ಇಂದಿಗೂ ಅದೇ ದನಿ ಕೊಡುತ್ತದೆ.

ಹಿರೇಬೆಣಕಲ್ಲಿನ ಕಲ್ಲುನಗಾರಿ

ಕಲ್ಲಿನ ನಾದ ನವಶಿಲಾಯುಗಕ್ಕೇ ನಿಲ್ಲಲಿಲ್ಲ. ತುಂಗಭದ್ರೆಯ ಆಚೆ, ಕೊಪ್ಪಳ ಜಿಲ್ಲೆಯ ಗಂಗಾವತಿ ಬಳಿಯ ಹಿರೇಬೆಣಕಲ್ಲಿನಲ್ಲಿ ಕಬ್ಬಿಣಯುಗದ ಶಿಲಾಸಮಾಧಿಗಳ ದೊಡ್ಡ ನೆಲೆಯಿದೆ. ಜನ ಅದನ್ನು ಮೊರ್ಯರ ಗುಡ್ಡ ಎನ್ನುತ್ತಾರೆ. ಅಲ್ಲಿನ ಸುಮಾರು 10 ಮೀಟರ್ ಎತ್ತರದ ಬಂಡೆಯ ತುದಿಯಲ್ಲಿ ನಗಾರಿಯ ಆಕಾರದ ಅರ್ಧಗೋಳದ ಕಲ್ಲೊಂದು ಕೂತಿದೆ. ಅದರ ಅಡ್ಡಳತೆ 2 ಮೀಟರ್, ಎತ್ತರ ಒಂದೂವರೆ ಮೀಟರ್. ಮರದ ಕೊಡತಿಯಿಂದ ಬಡಿದರೆ ಅದರ ಸದ್ದು ಒಂದು ಕಿಲೋಮೀಟರಿಗೂ ಆಚೆ ಕೇಳುತ್ತದೆ. 1835ರಲ್ಲಿ ಫಿಲಿಪ್ ಮೆಡೋಸ್ ಟೇಲರ್ ಈ ನೆಲೆಯ ಬಗ್ಗೆ ಬರೆದ. 2021ರಲ್ಲಿ ಇದು ಯುನೆಸ್ಕೊ ವಿಶ್ವ ಪರಂಪರೆಯ ತಾತ್ಕಾಲಿಕ ಪಟ್ಟಿಗೆ ಸೇರಿತು.

ಕಪ್ಪಗಲ್ಲಿನ ಬಂಡೆಗೂ ಈ ಕಲ್ಲುನಗಾರಿಗೂ ನಡುವೆ ಒಂದು ವ್ಯತ್ಯಾಸ ಕಾಣುತ್ತದೆ. ಮೊದಲನೆಯದರಲ್ಲಿ ದನಗಾಹಿಗಳು ಗುಡ್ಡದಲ್ಲಿ ಹರಡಿದ್ದ ಬಂಡೆಗಳ ಪೈಕಿ ನುಡಿಯುವುದನ್ನು ಹುಡುಕಿಕೊಂಡರು. ಎರಡನೆಯದು ನೂರಾರು ಸಮಾಧಿಗಳ ನಡುವೆ, ಎಲ್ಲರಿಗೂ ಕಾಣುವ ಎತ್ತರದಲ್ಲಿದೆ. ಸಾವಿನ ಸಂಸ್ಕಾರವೋ ಜನರನ್ನು ಒಟ್ಟುಗೂಡಿಸುವ ಕರೆಯೋ, ದೂರಕ್ಕೆ ತಲುಪಬೇಕಾದ ಸಂದರ್ಭಕ್ಕೆ ತಕ್ಕ ಜಾಗ ಅದು.

ಚರ್ಮದ ಹದ

ಕಲ್ಲು ಉಳಿಯುತ್ತದೆ, ಚರ್ಮ ಮತ್ತು ಮರ ಮಣ್ಣಾಗುತ್ತವೆ. ಹಾಗಾಗಿ ಚರ್ಮವಾದ್ಯದ ಆರಂಭಕ್ಕೆ ನೇರ ಸಾಕ್ಷಿ ಸಿಗುವುದು ಕಷ್ಟ. ದನ ಕುರಿಗಳೇ ಬದುಕಾಗಿದ್ದ ಸೀಮೆಯಲ್ಲಿ ಚರ್ಮಕ್ಕೆ ಕೊರತೆಯಿರಲಿಲ್ಲ. ಹದ ಮಾಡಿದ ಚರ್ಮವನ್ನು ಬಿಗಿದು ಕಟ್ಟಿದರೆ ಅದು ನುಡಿಯುತ್ತದೆ ಎಂಬ ತಿಳಿವು ಇಲ್ಲಿನ ಕುಲಕಸುಬುಗಳಲ್ಲಿ ಆಳವಾಗಿ ಬೇರುಬಿಟ್ಟಿದೆ.

ಹಲಗೆ ಇವುಗಳಲ್ಲಿ ಅತ್ಯಂತ ಸರಳವಾದದ್ದು. ಮರದ ಬಳೆಗೆ ಒಂದೇ ಮಗ್ಗುಲಲ್ಲಿ ಚರ್ಮ ಬಿಗಿದಿರುತ್ತದೆ. ಎಡಗೈಯಲ್ಲಿ ಸಣ್ಣ ಕಡ್ಡಿ, ಬಲಗೈಯಲ್ಲಿ ದಪ್ಪ ಕೋಲು. ತಂಪಿಗೆ ಚರ್ಮ ಸಡಿಲವಾದರೆ ದನಿ ಇಳಿಯುತ್ತದೆ, ಅದಕ್ಕೇ ಬಾರಿಸುವ ಮೊದಲು ಹುಲ್ಲಿನ ಬೆಂಕಿಗೆ ಹಿಡಿದು ಕಾಸುತ್ತಾರೆ. ಊರ ದೇವಿಯ ಜಾತ್ರೆ, ಮೊಹರಂನ ಹೆಜ್ಜೆ ಕುಣಿತ, ಮದುವೆ, ಸಾವು, ಡಂಗುರ ಎಲ್ಲಕ್ಕೂ ಹಲಗೆ ಬೇಕು. ಸಂದರ್ಭ ಬದಲಾದಂತೆ ಪೆಟ್ಟು ಬದಲಾಗುತ್ತದೆ, ದೂರದಲ್ಲಿ ಕೇಳಿದವರಿಗೆ ಊರಲ್ಲಿ ಏನು ನಡೆದಿದೆ ಎಂಬುದು ತಿಳಿಯುತ್ತದೆ.

ಈ ವಾದ್ಯವನ್ನು ತಲೆಮಾರುಗಳಿಂದ ನುಡಿಸಿಕೊಂಡು ಬಂದವರು ಬಹುಪಾಲು ಮಾದಿಗರು. ಹಲಗೆಯಿಲ್ಲದೆ ಊರಿನ ಯಾವ ಕಾರ್ಯವೂ ನಡೆಯುತ್ತಿರಲಿಲ್ಲ, ಹಾಗಿದ್ದೂ ಅದನ್ನು ಬಾರಿಸುವವನನ್ನು ಊರು ದೂರವೇ ಇಟ್ಟಿತು. ಚರ್ಮ ಮುಟ್ಟುವ ಕೈ ಮೈಲಿಗೆ, ಚರ್ಮದ ದನಿ ಮಾತ್ರ ಮಂಗಳ ಎಂಬ ಈ ಅನ್ಯಾಯವನ್ನು ಬಿಟ್ಟು ನಮ್ಮ ವಾದ್ಯಗಳ ಚರಿತ್ರೆ ಬರೆಯಲು ಬರುವುದಿಲ್ಲ. 1970ರ ದಶಕದಿಂದ ದಲಿತ ಚಳವಳಿ ಇದೇ ವಾದ್ಯವನ್ನು ಸ್ವಾಭಿಮಾನದ ದನಿಯಾಗಿ ಎತ್ತಿಕೊಂಡಿತು. ಚಿಕ್ಕಬಳ್ಳಾಪುರ ಜಿಲ್ಲೆಯ ತಮಟೆ ಕಲಾವಿದ ಮುನಿವೆಂಕಟಪ್ಪ ಅವರಿಗೆ 2023ರಲ್ಲಿ ಪದ್ಮಶ್ರೀ ಸಂದದ್ದು ಆ ದಾರಿಯ ಒಂದು ಮೈಲಿಗಲ್ಲು.

ಕುರುಬರ ಡೊಳ್ಳು ಇನ್ನೊಂದು ಬಗೆ. ಮರದ ದೊಡ್ಡ ಒಡಲು, ಎರಡೂ ಮುಖಕ್ಕೆ ಚರ್ಮ, ಎಳೆದು ಕಟ್ಟಲು ಹಗ್ಗ. ಅದು ಬೀರಪ್ಪನ ಪೂಜೆಗೆ, ಡೊಳ್ಳಿನ ಪದಕ್ಕೆ ಸೇರಿದ್ದು. ವೀರಭದ್ರನ ಪುರವಂತರಿಗೆ ಸಮಾಳ, ಗೊಂದಲಿಗರಿಗೆ ಸಂಬಾಳ, ಬಯಲಾಟಕ್ಕೆ ಮದ್ದಳೆ, ಭಜನೆಗೆ ದಮ್ಮಡಿ. ಪ್ರತಿ ಸಮುದಾಯವೂ ತನ್ನ ದೇವರಿಗೆ ತಕ್ಕ ದನಿಯೊಂದನ್ನು ಕಟ್ಟಿಕೊಂಡಿದೆ.

ಚರ್ಮವಾದ್ಯಗಳಲ್ಲಿ ನಡೆದ ಅತಿ ದೊಡ್ಡ ಆವಿಷ್ಕಾರವೆಂದರೆ ಮೃದಂಗ, ಮದ್ದಳೆ, ತಬಲಾಗಳ ಮುಖದ ಮೇಲಿನ ಕರಣೆ. ಬರೀ ಚರ್ಮ ಬಡಿದಾಗ ಹುಟ್ಟುವ ಸ್ವರಗಳು ಒಂದಕ್ಕೊಂದು ಹೊಂದುವುದಿಲ್ಲ, ಅದರಿಂದ ಶ್ರುತಿ ಹಿಡಿಯಲಾಗದ ಸದ್ದು ಬರುತ್ತದೆ. ಕಬ್ಬಿಣ, ಮ್ಯಾಂಗನೀಸ್ ಅಂಶವಿರುವ ಕಿಟ್ಟದ ಪುಡಿಯನ್ನು ಅನ್ನದ ಜೊತೆ ಅರೆದು ಮುಖದ ನಡುವೆ ಪದರ ಪದರವಾಗಿ ಹಚ್ಚಿ ತಿಕ್ಕಿದಾಗ ಚರ್ಮದ ನಡುಭಾಗ ಭಾರವಾಗುತ್ತದೆ, ಸ್ವರಗಳು ತಂತಿವಾದ್ಯದಲ್ಲಿರುವಂತೆ ಸುಸಂಬದ್ಧವಾಗುತ್ತವೆ. ಇದನ್ನು ವಿಜ್ಞಾನದ ಭಾಷೆಯಲ್ಲಿ ವಿವರಿಸಿದವರು ಸಿ.ವಿ. ರಾಮನ್. 1920ರಲ್ಲಿ ‘ನೇಚರ್’ ಪತ್ರಿಕೆಯಲ್ಲೂ 1934ರಲ್ಲಿ ಇನ್ನಷ್ಟು ವಿಸ್ತಾರವಾಗಿಯೂ ಅವರು ಇದರ ಬಗ್ಗೆ ಬರೆದರು. ಮೃದಂಗ ಕಟ್ಟುವವರ ಕೈಗೆ ಆ ಲೆಕ್ಕ ಅದಕ್ಕೂ ಎಷ್ಟೋ ಶತಮಾನ ಮೊದಲೇ ಗೊತ್ತಿತ್ತು.

ನಾಲ್ಕು ಬಗೆ

ವಾದ್ಯಗಳನ್ನು ವಿಂಗಡಿಸುವ ಶಾಸ್ತ್ರವೂ ಭಾರತದಲ್ಲಿ ಬಹಳ ಹಿಂದೆಯೇ ಹುಟ್ಟಿತು. ಭರತನ ನಾಟ್ಯಶಾಸ್ತ್ರ ತಂತಿಯಿಂದ ನುಡಿಯುವುದನ್ನು ತತ, ಗಾಳಿಯಿಂದ ನುಡಿಯುವುದನ್ನು ಸುಷಿರ, ಚರ್ಮದ ಹೊದಿಕೆಯದನ್ನು ಅವನದ್ಧ, ತನ್ನ ಗಟ್ಟಿ ಮೈಯಿಂದಲೇ ನುಡಿಯುವುದನ್ನು ಘನ ಎಂದು ನಾಲ್ಕಾಗಿ ಮಾಡಿತು. ಹೊರನೋಟವನ್ನೂ ನುಡಿಸುವ ರೀತಿಯನ್ನೂ ಬದಿಗಿಟ್ಟು, ಅದುರುವ ವಸ್ತು ಯಾವುದು ಎಂದು ಕೇಳುವುದೇ ಈ ವಿಂಗಡಣೆಯ ಹೆಚ್ಚುಗಾರಿಕೆ. 19ನೇ ಶತಮಾನದಲ್ಲಿ ಕೋಲ್ಕತ್ತದ ಸೌರೀಂದ್ರ ಮೋಹನ ಟಾಗೋರ್ ಬೆಲ್ಜಿಯಂ ದೊರೆಗೆ ಭಾರತೀಯ ವಾದ್ಯಗಳನ್ನು ಕಳುಹಿಸಿದರು. ಬ್ರಸೆಲ್ಸ್‌ನ ವಸ್ತುಸಂಗ್ರಹಾಲಯದಲ್ಲಿ ಅವುಗಳನ್ನು ನೋಡಿಕೊಳ್ಳುತ್ತಿದ್ದ ವಿಕ್ಟರ್ ಮಾಹಿಯೋ ಇದೇ ನಾಲ್ಕು ಬಗೆಯನ್ನು ಅಳವಡಿಸಿಕೊಂಡ. ಅದನ್ನೇ ಬೆಳೆಸಿ ಹಾರ್ನ್‌ಬೋಸ್ಟೆಲ್ ಮತ್ತು ಸಾಕ್ಸ್ 1914ರಲ್ಲಿ ರೂಪಿಸಿದ ಪದ್ಧತಿ ಇಂದಿಗೂ ಜಗತ್ತಿನಾದ್ಯಂತ ಬಳಕೆಯಲ್ಲಿದೆ. ಆ ಲೆಕ್ಕದಲ್ಲಿ ಕಪ್ಪಗಲ್ಲಿನ ಬಂಡೆ ಘನವಾದ್ಯ, ಜಾತ್ರೆಯ ಹಲಗೆ ಅವನದ್ಧ.

ಕನ್ನಡ ನಾಡಿನ ದೊರೆಗಳೂ ವಾದ್ಯಗಳ ಬಗ್ಗೆ ಬರೆದರು. ಕಲ್ಯಾಣ ಚಾಲುಕ್ಯರ ಮೂರನೆಯ ಸೋಮೇಶ್ವರ 12ನೇ ಶತಮಾನದಲ್ಲಿ ರಚಿಸಿದ ‘ಮಾನಸೋಲ್ಲಾಸ’ದಲ್ಲಿ ವಾದ್ಯಗಳಿಗೇ ಮೀಸಲಾದ ಭಾಗವಿದೆ. ಅದೇ ಶತಮಾನದ ಶರಣರಲ್ಲಿ ಕಿನ್ನರಿ ಬ್ರಹ್ಮಯ್ಯ, ಢಕ್ಕೆಯ ಬೊಮ್ಮಣ್ಣ ಎಂಬ ಹೆಸರುಗಳಿವೆ. ವಾದ್ಯವೇ ಕಾಯಕವಾದವರು ಅವರು.

ಕಿನ್ನರಿಯಿಂದ ಮೇಳವೀಣೆಗೆ

ತಂತಿವಾದ್ಯಗಳ ಚರಿತ್ರೆಯಲ್ಲಿ ಬಳ್ಳಾರಿ ಸೀಮೆಯ ಪಾತ್ರ ಬಹಳ ದೊಡ್ಡದು, ಆದರೂ ಅದು ಜನರಿಗೆ ಹೆಚ್ಚು ತಿಳಿದಿಲ್ಲ. ಪ್ರಾಚೀನ ಕಾಲದ ವೀಣೆಗಳಲ್ಲಿ ಒಂದು ಬಗೆ ಬಿಲ್ಲಿನ ಆಕಾರದ್ದು. ಅದರಲ್ಲಿ ಒಂದೊಂದು ಸ್ವರಕ್ಕೂ ಒಂದೊಂದು ತಂತಿ. ಮುಂದೆ ಬಂದ ಕೋಲುವೀಣೆಗಳಲ್ಲಿ ಬಿದಿರಿನ ದಂಡಕ್ಕೆ ಸೋರೆಬುರುಡೆ ಕಟ್ಟಿ, ಒಂದೇ ತಂತಿಯನ್ನು ಬೇರೆ ಬೇರೆ ಕಡೆ ಒತ್ತಿ ಬೇರೆ ಬೇರೆ ಸ್ವರ ಪಡೆಯುವ ಉಪಾಯ ಹುಟ್ಟಿತು. ಕಿನ್ನರಿಯಲ್ಲಿ ಆ ಜಾಗಗಳಿಗೆ ಮೆಟ್ಟಿಲುಗಳು ಬಂದವು. 13ನೇ ಶತಮಾನದ ಶಾರ್ಙ್ಗದೇವನ ‘ಸಂಗೀತರತ್ನಾಕರ’ ಈ ಕಿನ್ನರಿಯ ಬಗೆಗಳನ್ನು ವಿವರವಾಗಿ ಹೇಳುತ್ತದೆ. ಆ ಮಹಾಗ್ರಂಥಕ್ಕೆ ‘ಕಲಾನಿಧಿ’ ಎಂಬ ಹೆಸರಾಂತ ವ್ಯಾಖ್ಯಾನ ಬರೆದ ಕಲ್ಲಿನಾಥ 15ನೇ ಶತಮಾನದ ವಿಜಯನಗರದವನು.

ಮೆಟ್ಟಿಲು ಬಂದ ಮೇಲೆ ಹೊಸ ತೊಡಕೊಂದು ಎದುರಾಯಿತು. ಒಂದು ರಾಗಕ್ಕೆ ಹೊಂದಿಸಿದ ಮೆಟ್ಟಿಲು ಇನ್ನೊಂದು ರಾಗಕ್ಕೆ ಸರಿಹೋಗದು. ರಾಗ ಬದಲಾದಾಗಲೆಲ್ಲ ಮೆಟ್ಟಿಲುಗಳನ್ನು ಸರಿಸಬೇಕು. ಇದಕ್ಕೆ ಪರಿಹಾರ ಬರೆದಿಟ್ಟವನು ರಾಮಾಮಾತ್ಯ. ಅಳಿಯ ರಾಮರಾಯನ ಆಶ್ರಯದಲ್ಲಿ ಅವನು 1550ರಲ್ಲಿ ‘ಸ್ವರಮೇಳಕಲಾನಿಧಿ’ ರಚಿಸಿದ. ಅದರಲ್ಲಿ ಶುದ್ಧಮೇಳ ವೀಣೆ, ಮಧ್ಯಮೇಳ ವೀಣೆ, ಅಚ್ಯುತರಾಜೇಂದ್ರಮೇಳ ವೀಣೆ ಎಂಬ ಮೂರು ಬಗೆಗಳಿವೆ. ಮೂರನೆಯದರ ಹೆಸರಿನಲ್ಲಿ ಅಚ್ಯುತದೇವರಾಯನ ನೆನಪಿದೆ. ಶುದ್ಧಮೇಳ ವೀಣೆಯ ನಾಲ್ಕು ಮುಖ್ಯ ತಂತಿಗಳ ಶ್ರುತಿ ಸ, ಪ, ಸ, ಮ.

ಪ್ರತಿ ಬಗೆಯಲ್ಲೂ ಎರಡು ಉಪಭೇದಗಳು. ಒಂದೇ ರಾಗಕ್ಕೆ ಮೆಟ್ಟಿಲು ಹೂಡಿದ್ದು ಏಕರಾಗಮೇಳ. ಎಲ್ಲ ರಾಗಗಳಿಗೂ ಒದಗುವಂತೆ ಹೂಡಿದ್ದು ಸರ್ವರಾಗಮೇಳ. ಈ ಎರಡನೆಯದರಲ್ಲಿ ದಕ್ಷಿಣದ ಸಂಗೀತದ ಮುಂದಿನ ನಡೆಯೆಲ್ಲ ಅಡಗಿತ್ತು. ಮೆಟ್ಟಿಲು ಕದಲದೆ ನಿಂತರೆ ಒಂದು ಸ್ಥಾಯಿಯಲ್ಲಿ ಸ್ವರಗಳಿಗೆ ನಿಗದಿಯಾದ ಸ್ಥಾನಗಳು ಸಿಗುತ್ತವೆ. ಆ ಸ್ಥಾನಗಳಲ್ಲಿ ಯಾವುವನ್ನು ಆರಿಸಿಕೊಂಡಿದೆ ಎಂಬುದರ ಮೇಲೆ ರಾಗಗಳನ್ನು ಗುಂಪು ಮಾಡಬಹುದು. ರಾಮಾಮಾತ್ಯ ಹಾಗೆ 20 ಮೇಳಗಳನ್ನು ಹೇಳಿದ. ಸಂಗೀತಶಾಸ್ತ್ರ ವೀಣೆಯ ದಂಡಿಯ ಮೇಲೆ ಕಣ್ಣಿಗೆ ಕಾಣುವಂತೆ ಬಿಡಿಸಿಕೊಂಡಿತು.

1565ರ ರಕ್ಕಸತಂಗಡಿ ಯುದ್ಧದ ಬಳಿಕ ಹಂಪಿ ಬರಿದಾಯಿತು. ವಿದ್ವಾಂಸರೂ ಕಲಾವಿದರೂ ದಕ್ಷಿಣಕ್ಕೆ ಸರಿದರು, ವೀಣೆಯೂ ಅವರೊಂದಿಗೆ ಹೋಯಿತು. ತಂಜಾವೂರಿನಲ್ಲಿ ರಘುನಾಥ ನಾಯಕನ ಕಾಲಕ್ಕೆ, 17ನೇ ಶತಮಾನದ ಮೊದಲ ಭಾಗದಲ್ಲಿ, 24 ಸ್ಥಿರ ಮೆಟ್ಟಿಲುಗಳ ವೀಣೆ ನೆಲೆಗೊಂಡಿತು. ಅಲ್ಲಿನ ಮಂತ್ರಿ ಗೋವಿಂದ ದೀಕ್ಷಿತರು ಕನ್ನಡ ಮೂಲದವರು. ಅವರ ಮಗ ವೆಂಕಟಮಖಿ ‘ಚತುರ್ದಂಡೀ ಪ್ರಕಾಶಿಕೆ’ಯಲ್ಲಿ ಮೇಳಗಳ ಲೆಕ್ಕವನ್ನು 72ಕ್ಕೆ ಒಯ್ದರು. ಇಂದಿನ ಸರಸ್ವತಿ ವೀಣೆಯಲ್ಲಿ ಹಲಸಿನ ಮರದ ಕೊಡ, ಮೇಣದಲ್ಲಿ ಕೂರಿಸಿದ 24 ಹಿತ್ತಾಳೆ ಮೆಟ್ಟಿಲು, ನಾಲ್ಕು ನುಡಿಸುವ ತಂತಿ, ಮೂರು ತಾಳದ ತಂತಿಗಳಿವೆ. ಅದರ ಹಿಂದಿನ ಆಲೋಚನೆ ಗ್ರಂಥರೂಪ ಪಡೆದದ್ದು ತುಂಗಭದ್ರೆಯ ದಂಡೆಯ ಸಾಮ್ರಾಜ್ಯದಲ್ಲಿ.

ಹಂಪಿಯ ಕಲ್ಲಿನಲ್ಲಿ ವಾದ್ಯ, ವಾದ್ಯವಾದ ಕಲ್ಲು

ವಿಜಯನಗರದ ವಾದ್ಯಗಳನ್ನು ಕಣ್ಣಾರೆ ನೋಡಬೇಕಾದರೆ ಮಹಾನವಮಿ ದಿಬ್ಬದ ಕೆತ್ತನೆಗಳ ಮುಂದೆ ನಿಲ್ಲಬೇಕು. ಕೋಲಾಟದ ಹೆಂಗಸರು, ಮದ್ದಳೆಯವರು, ಕೊಂಬು ಕಹಳೆ ಊದುವವರು ಸಾಲುಸಾಲಾಗಿ ಸಾಗುತ್ತಾರೆ. 1520ರ ಸುಮಾರಿಗೆ ಬಂದ ಪೋರ್ಚುಗೀಸ್ ಪ್ರವಾಸಿ ದೊಮಿಂಗೊ ಪಾಯೆಸ್ ಮಹಾನವಮಿಯ ಮೆರವಣಿಗೆಯಲ್ಲಿ ನಗಾರಿ, ಕಹಳೆಗಳ ಮೊಳಗನ್ನು ಕೇಳಿ ಬರೆದಿದ್ದಾನೆ. ಹೆಂಗಸರೂ ವಾದ್ಯ ನುಡಿಸುತ್ತಿದ್ದದ್ದು ಅವನ ಗಮನ ಸೆಳೆದಿತ್ತು. ಅರಮನೆಯ ಈ ಮೊಳಗಿನ ಹೊತ್ತಿನಲ್ಲೇ ಪುರಂದರದಾಸರಂಥ ಹರಿದಾಸರು ತಂಬೂರಿ, ತಾಳ, ಗೆಜ್ಜೆಗಳಷ್ಟನ್ನೇ ಹಿಡಿದು ಬೀದಿಗಿಳಿದರು. ಯಾರು ಬೇಕಾದರೂ ಹೊತ್ತು ನಡೆಯಬಹುದಾದ ವಾದ್ಯಗಳು ಅವು.

ವಿಠ್ಠಲ ದೇವಾಲಯದ ಮಹಾಮಂಟಪದಲ್ಲಿ ಕಲ್ಲೇ ವಾದ್ಯವಾಗಿದೆ. ಅಲ್ಲಿ 56 ಕಂಬಗಳಿವೆ. ದೊಡ್ಡ ಕಂಬದ ಸುತ್ತ ತೆಳ್ಳನೆಯ ಕಿರುಗಂಬಗಳನ್ನು ಒಂದೇ ಕಣಶಿಲೆಯಲ್ಲಿ ಕಡೆದು ಬಿಡಿಸಲಾಗಿದೆ. ಆ ಕಿರುಗಂಬಗಳನ್ನು ಬೆರಳಿನಿಂದ ತಟ್ಟಿದರೆ ಒಂದೊಂದು ಒಂದೊಂದು ದನಿ ಕೊಡುತ್ತದೆ. ಕಂಬದೊಳಗೆ ಟೊಳ್ಳಿದೆ, ಲೋಹ ಬೆರೆಸಿದ್ದಾರೆ ಎಂಬ ಮಾತುಗಳು ಬಹಳ ಕಾಲ ಹರಡಿದ್ದವು. ಕಲ್ಪಾಕ್ಕಂನ ಇಂದಿರಾ ಗಾಂಧಿ ಅಣು ಸಂಶೋಧನಾ ಕೇಂದ್ರದ ವಿಜ್ಞಾನಿಗಳು ಕಂಬಗಳಿಗೆ ಹಾನಿಯಾಗದಂತೆ ಪರೀಕ್ಷಿಸಿ 2008ರಲ್ಲಿ ಫಲಿತಾಂಶ ಪ್ರಕಟಿಸಿದರು. ಕಂಬಗಳು ಒಳಗೂ ಗಟ್ಟಿ ಕಲ್ಲೇ. ತಟ್ಟಿದಾಗ ಅವು ಬಾಗಿ ಅದುರುವುದರಿಂದ ದನಿ ಹುಟ್ಟುತ್ತದೆ. ದನಿಯ ಏರಿಳಿತವನ್ನು ಕಂಬದ ಉದ್ದ, ದಪ್ಪ ಮತ್ತು ಆಕಾರ ನಿರ್ಧರಿಸುತ್ತವೆ.

ಕಪ್ಪಗಲ್ಲಿನಲ್ಲಿ ನುಡಿವ ಕಲ್ಲನ್ನು ಹುಡುಕಿಕೊಳ್ಳಲಾಗಿತ್ತು, ಹಂಪಿಯ ಶಿಲ್ಪಿಗಳು ಕಲ್ಲನ್ನು ನುಡಿಯುವಂತೆ ಕಡೆದರು. ಮೂರು ಸಾವಿರ ವರ್ಷಗಳ ಅಂತರದ ಈ ಎರಡು ಕೆಲಸಗಳಲ್ಲಿ ಕಲ್ಲಿನ ಗುಣ ಬಲ್ಲ ಕೈ ಒಂದೇ ಬಗೆಯದು. ಲಕ್ಷಾಂತರ ಪ್ರವಾಸಿಗರು ತಟ್ಟಿ ಕಂಬಗಳು ಸವೆಯುತ್ತಿದ್ದುದರಿಂದ ಈಗ ಅವುಗಳನ್ನು ಮುಟ್ಟಲು ಅವಕಾಶವಿಲ್ಲ.

ಬೀದಿಯ ತಂತಿಗಳು

ಆಸ್ಥಾನದ ವೀಣೆ ತಂಜಾವೂರಿಗೆ ಹೋದರೂ ಬಳ್ಳಾರಿ ಸೀಮೆಯಲ್ಲಿ ತಂತಿಯ ದನಿ ನಿಲ್ಲಲಿಲ್ಲ. ಅದು ಜೋಗತಿಯರ, ಅಲೆಮಾರಿಗಳ ಕೈಯಲ್ಲಿ ಉಳಿಯಿತು.

ಯಲ್ಲಮ್ಮನ ಜೋಗತಿಯರ ಚೌಡಿಕೆ ಇವುಗಳಲ್ಲಿ ಮುಖ್ಯವಾದದ್ದು. ಮರದ ಕೊಳವೆಯಾಕಾರದ ಒಡಲು, ಅದರ ಒಂದು ಬಾಯಿಗೆ ಚರ್ಮ. ಚರ್ಮದ ನಡುವಿನಿಂದ ಹೊರಟ ಒಂದೇ ತಂತಿ, ಒಡಲಿಗೆ ಸೇರಿಸಿದ ಕೋಲಿನ ತುದಿಯ ಬಿರಟೆಗೆ ಸುತ್ತಿಕೊಳ್ಳುತ್ತದೆ. ಒಡಲನ್ನು ಕಂಕುಳಲ್ಲಿ ಅವುಚಿಕೊಂಡು ತಂತಿಯನ್ನು ಮೀಟುತ್ತಾರೆ. ಮೀಟಿದ ತಂತಿ ಚರ್ಮವನ್ನು ಎಳೆಯುವುದರಿಂದ ಶ್ರುತಿಯೂ ತಾಳವೂ ಒಂದೇ ವಾದ್ಯದಿಂದ ಹೊಮ್ಮುತ್ತವೆ. ಶಾಸ್ತ್ರದ ನಾಲ್ಕು ಬಗೆಯಲ್ಲಿ ಇದು ತತವೂ ಹೌದು, ಅವನದ್ಧವೂ ಹೌದು.

ಹಿಂದೆ ಬಳ್ಳಾರಿ ಜಿಲ್ಲೆಗೆ ಸೇರಿದ್ದು ಈಗ ವಿಜಯನಗರ ಜಿಲ್ಲೆಯಲ್ಲಿರುವ ಮರಿಯಮ್ಮನಹಳ್ಳಿಯ ಜೋಗತಿಯರು ಈ ದನಿಯನ್ನು ವೇದಿಕೆಗೆ ತಂದರು. ಕಾಳವ್ವ ಜೋಗತಿಯವರ ಬಳಿ ಕಲಿತ ಮಂಜಮ್ಮ ಜೋಗತಿ ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷರಾದರು, 2021ರಲ್ಲಿ ಪದ್ಮಶ್ರೀ ಪಡೆದರು. ಸಮಾಜ ಅಂಚಿಗೆ ತಳ್ಳಿದ ಲಿಂಗತ್ವ ಅಲ್ಪಸಂಖ್ಯಾತರಿಗೆ ಚೌಡಿಕೆ ಹೊಟ್ಟೆಪಾಡೂ ಆಗಿತ್ತು, ಗೌರವದ ದಾರಿಯೂ ಆಯಿತು.

ಕನ್ನಡ, ತೆಲುಗು ಎರಡೂ ಬೆರೆತ ಈ ಗಡಿನಾಡಿನ ಇನ್ನೊಂದು ಸಂಪತ್ತು ಬುರ್ರಕಥಾ. ಮುಖ್ಯ ಗಾಯಕಿಯ ಹೆಗಲ ಮೇಲೆ ತಂಬೂರಿ, ಬೆರಳಲ್ಲಿ ಲೋಹದ ಉಂಗುರಗಳ ಝಣ, ಜೊತೆಗಾರ್ತಿಯರ ಕೈಯಲ್ಲಿ ಪುಟ್ಟ ಚರ್ಮವಾದ್ಯ. ಸಂಡೂರು ತಾಲ್ಲೂಕಿನ ದರೋಜಿ ಈರಮ್ಮ (1930–2014) ಅಲೆಮಾರಿ ಬುಡ್ಗ ಜಂಗಮ ಸಮುದಾಯದಲ್ಲಿ ಹುಟ್ಟಿದವರು, ಅಕ್ಷರ ಕಲಿಯದವರು. ರಾತ್ರಿಗಟ್ಟಲೆ ಹಾಡುವ ಹತ್ತಾರು ದೀರ್ಘ ಕಾವ್ಯಗಳನ್ನು ಅವರು ನೆನಪಿನಲ್ಲಿಟ್ಟುಕೊಂಡಿದ್ದರು. ಹಂಪಿಯ ಕನ್ನಡ ವಿಶ್ವವಿದ್ಯಾಲಯ ಅವರಿಗೆ ನಾಡೋಜ ಗೌರವ ನೀಡಿತು. ಕಥೆಗೆ ಉಸಿರು ತೆಗೆದುಕೊಳ್ಳುವ ಎಡೆ, ಯುದ್ಧಕ್ಕೆ ಬಿರುಸು, ಶೋಕಕ್ಕೆ ಇಳಿದನಿ ಎಲ್ಲವನ್ನೂ ಒದಗಿಸುತ್ತಿದ್ದದ್ದು ಆ ತಂಬೂರಿ ಮತ್ತು ಉಂಗುರಗಳು. ತತ್ವಪದದವರ ಏಕತಾರಿಯೂ ಇದೇ ಕುಲದ್ದು: ಒಂದು ತಂತಿ, ಒಂದು ಬುರುಡೆ, ಮಿಕ್ಕದ್ದೆಲ್ಲ ಹಾಡುವವರ ಕಂಠ.

ಮುಖವೀಣೆಯ ಜಾಗಕ್ಕೆ ಪೇಟಿ

ಗಾಳಿವಾದ್ಯಗಳಲ್ಲಿ ಬಳ್ಳಾರಿ ಎರಡು ಸೀಮೆಗಳ ನಡುವಿನ ಹೊಸ್ತಿಲು. ದಕ್ಷಿಣದ ನಾಗಸ್ವರ, ಡೋಲಿನ ಓಲಗವೂ ಉತ್ತರದ ಸನಾದಿಯೂ ಇಲ್ಲಿ ಕೇಳುತ್ತವೆ. ಬಯಲಾಟಕ್ಕೆ ಮಾತ್ರ ಬಹಳ ಕಾಲ ಬೇಕಾಗಿದ್ದದ್ದು ಮುಖವೀಣೆ. ಹೆಸರಿನಲ್ಲಿ ವೀಣೆಯಿದ್ದರೂ ಇದು ಊದುವ ವಾದ್ಯ: ಜೋಡಿ ಓಲೆಯ ಪೀಪಿಯಿರುವ ಪುಟ್ಟ ಕೊಳವೆ. ಅದರ ಚೂಪು ದನಿ ಬಯಲಿನ ಗದ್ದಲವನ್ನು ಸೀಳಿಕೊಂಡು ಹೋಗುತ್ತಿತ್ತು. ಮೈಕು ಇಲ್ಲದ ಕಾಲದಲ್ಲಿ ಹಿಮ್ಮೇಳಕ್ಕೆ ಅಂಥ ದನಿಯೇ ಬೇಕಿತ್ತು.

ಅದರ ಜಾಗಕ್ಕೆ ಬಂದದ್ದು ಹಾರ್ಮೋನಿಯಂ, ಉತ್ತರ ಕರ್ನಾಟಕದವರ ಮಾತಿನಲ್ಲಿ ಪೇಟಿ. ಪ್ಯಾರಿಸ್ಸಿನ ಅಲೆಕ್ಸಾಂಡರ್ ಡಿಬೇನ್ 1842ರಲ್ಲಿ ಇದಕ್ಕೆ ಹಕ್ಕುಪತ್ರ ಪಡೆದ. ಅದು ಕುರ್ಚಿಯಲ್ಲಿ ಕೂತು ಕಾಲಿನಿಂದ ತಿದಿಯೊತ್ತುವ ವಾದ್ಯ. ನೆಲದ ಮೇಲೆ ಕೂತು ಒಂದು ಕೈಯಲ್ಲಿ ತಿದಿ, ಇನ್ನೊಂದರಲ್ಲಿ ಸ್ವರ ನುಡಿಸುವಂತೆ ಅದನ್ನು ಮಾರ್ಪಡಿಸಿದವರು ಕೋಲ್ಕತ್ತದ ದ್ವಾರಕಾನಾಥ ಘೋಷ್, 19ನೇ ಶತಮಾನದ ಕೊನೆಯ ದಶಕಗಳಲ್ಲಿ. ನಾಟಕ ಕಂಪನಿಗಳ ಸಾಮಾನುಗಳ ಜೊತೆ ಪೇಟಿ ಊರೂರಿಗೆ ಬಂತು.

ಆಗ ಮದರಾಸು ಪ್ರಾಂತ್ಯದಲ್ಲಿದ್ದ ಬಳ್ಳಾರಿ ರಂಗಭೂಮಿಯ ದೊಡ್ಡ ಕೇಂದ್ರ. ಧರ್ಮವರಂ ರಾಮಕೃಷ್ಣಾಚಾರ್ಯರ ಸರಸ ವಿನೋದಿನಿ ಸಭಾ, ಕೋಲಾಚಲಂ ಶ್ರೀನಿವಾಸರಾಯರ ಸುಮನೋರಮಾ ಸಭಾ ಇಲ್ಲಿಯವೇ. ಬಳ್ಳಾರಿ ರಾಘವ (1880–1946) ಬೆಳೆದದ್ದು ಈ ವಾತಾವರಣದಲ್ಲಿ. 1953ರ ಅಕ್ಟೋಬರ್ 1ರಂದು ಬಳ್ಳಾರಿ ಮೈಸೂರು ರಾಜ್ಯಕ್ಕೆ ಸೇರಿತು. ಆ ಹೊತ್ತಿಗೆ ಪೇಟಿ ನಾಟಕದ ರಂಗದಿಂದ ಬಯಲಾಟದ ಅಟ್ಟಕ್ಕೂ ಭಜನೆಯ ಗುಡಿಗೂ ಇಳಿದಿತ್ತು. ಆಟ ಕಲಿಸುವವನೇ ಹಾರ್ಮೋನಿಯಂ ಮಾಸ್ತರನಾದ. ಗದಗಿನ ವೀರೇಶ್ವರ ಪುಣ್ಯಾಶ್ರಮದಲ್ಲಿ ಪಂಚಾಕ್ಷರ ಗವಾಯಿಗಳು ಮತ್ತು ಪುಟ್ಟರಾಜ ಗವಾಯಿಗಳ ಬಳಿ ಕಲಿತ ಅಂಧ ಕಲಾವಿದರೂ ಪೇಟಿ, ತಬಲಾಗಳನ್ನು ಹಳ್ಳಿಹಳ್ಳಿಗೆ ತಲುಪಿಸಿದರು.

ಪೇಟಿಗೆ ವಿರೋಧವೂ ಇತ್ತು. ಅದರ ಲೋಹದ ಪಟ್ಟಿಗಳ ಸ್ವರ ಸ್ಥಿರ, ಒಂದು ಸ್ವರದಿಂದ ಇನ್ನೊಂದಕ್ಕೆ ಜಾರಲು ಬಾರದು, ಗಮಕ ನುಡಿಸಲಾಗದು. ಈ ಕಾರಣಕ್ಕೆ 1940ರಲ್ಲಿ ಆಕಾಶವಾಣಿ ಅದನ್ನು ನಿಷೇಧಿಸಿತು, 1971ರವರೆಗೂ ಸಡಿಲಿಸಲಿಲ್ಲ. ಬಯಲಾಟದವರಿಗೆ ಆ ತಕರಾರು ತಟ್ಟಲಿಲ್ಲ. ರಾತ್ರಿಯಿಡೀ ಶ್ರುತಿ ಕದಲದೆ ನಿಲ್ಲುವ, ದಣಿಯದೆ ನುಡಿಸಬಹುದಾದ, ಒಬ್ಬನೇ ಹೊತ್ತೊಯ್ಯುವ ವಾದ್ಯ ಅವರಿಗೆ ಬೇಕಿತ್ತು, ಅದು ಸಿಕ್ಕಿತು. ಇದೇ ಬಗೆಯಲ್ಲಿ ಯುರೋಪಿನ ಪಿಟೀಲು 19ನೇ ಶತಮಾನದ ಆರಂಭದಲ್ಲಿ ಬಾಲುಸ್ವಾಮಿ ದೀಕ್ಷಿತರ ಕೈ ಸೇರಿ, ನಿಂತು ನುಡಿಸುವ ಬದಲು ಕೂತು ನುಡಿಸುವಂತಾಗಿ ಕರ್ನಾಟಕ ಸಂಗೀತದ ಪಕ್ಕವಾದ್ಯವಾಯಿತು.

ವಿದ್ಯುತ್ತು, ಫೈಬರ್ ಮತ್ತು ಉಳಿಯಬೇಕಾದ ಕೈಗಳು

ಕೊನೆಯ ದೊಡ್ಡ ತಿರುವು ವಿದ್ಯುತ್ತಿನದು. 1970ರ ದಶಕದ ಕೊನೆಯಲ್ಲಿ ಬೆಂಗಳೂರಿನಲ್ಲಿ ಎಲೆಕ್ಟ್ರಾನಿಕ್ ಶ್ರುತಿಪೆಟ್ಟಿಗೆ ರೂಪುಗೊಂಡಿತು. ಬಳಿಕ ಎಲೆಕ್ಟ್ರಾನಿಕ್ ತಂಬೂರ, ತಾಳಯಂತ್ರಗಳು ಬಂದವು. ಇಂದು ಮೊಬೈಲಿನಲ್ಲೇ ತಂಬೂರಿಯ ದನಿ ಇದೆ. ನಾಟಕ, ಬಯಲಾಟಗಳಲ್ಲಿ ಪೇಟಿಯ ಪಕ್ಕ ಕೀಬೋರ್ಡ್, ರಿದಂ ಪ್ಯಾಡ್‌ಗಳು ಕೂತಿವೆ. ಡೊಳ್ಳು, ಹಲಗೆಗಳಿಗೆ ಫೈಬರ್ ಹೊದಿಕೆ ಬಂದಿದೆ. ಮಳೆಗೆ ಸಡಿಲವಾಗದ, ಬೆಂಕಿಗೆ ಕಾಸಬೇಕಿಲ್ಲದ ಈ ಹೊದಿಕೆ ಬಾರಿಸುವವರ ಶ್ರಮವನ್ನು ಕಡಿಮೆ ಮಾಡಿದೆ, ಚರ್ಮದ ತುಂಬುದನಿಯನ್ನು ಕಸಿದುಕೊಂಡಿದೆ.

ಈ ಬದಲಾವಣೆಯನ್ನು ಬರೀ ನಷ್ಟದ ಲೆಕ್ಕದಲ್ಲಿ ನೋಡುವುದು ನ್ಯಾಯವಲ್ಲ. ಪೇಟಿಯೂ ಒಮ್ಮೆ ಹೊರಗಿನಿಂದ ಬಂದದ್ದೇ, ಇಂದು ಅದಿಲ್ಲದ ಬಯಲಾಟವನ್ನು ಯಾರೂ ನೆನೆಯಲಾರರು. ಚರ್ಮದ ಕೆಲಸದ ಅವಮಾನದಿಂದ ಹೊರಬಂದ ಮನೆತನದ ಮಕ್ಕಳು ಮತ್ತೆ ಅದೇ ಕೆಲಸ ಮಾಡಬೇಕೆಂದು ಬಯಸುವ ಹಕ್ಕು ಯಾರಿಗೂ ಇಲ್ಲ. ಕಲೆ ಉಳಿಯಬೇಕಾದರೆ ಅದು ಗೌರವ ಮತ್ತು ತಕ್ಕ ಸಂಭಾವನೆಯ ಮೇಲೆ ಉಳಿಯಬೇಕು, ಜಾತಿಯ ಕಟ್ಟಳೆಯ ಮೇಲಲ್ಲ.

ಯಾವುದು ಅಪಾಯದಲ್ಲಿದೆ ಎಂಬುದನ್ನು ವಸ್ತು, ಕೈ, ಸಂದರ್ಭ ಎಂಬ ಮೂರು ಸಂಗತಿಗಳೇ ತೋರಿಸಿಕೊಡುತ್ತವೆ. ಹಲಗೆಗೆ ಸಂದರ್ಭವಿದೆ: ಜಾತ್ರೆ ಮೊಹರಂಗಳು ನಡೆಯುವವರೆಗೆ ಅದಕ್ಕೆ ಆತಂಕ ಕಡಿಮೆ. ಚೌಡಿಕೆಗೆ ವೇದಿಕೆ ಸಿಕ್ಕಿದೆ, ಅದನ್ನು ಮಾಡುವ ಕೈಗಳಿಗೂ ನೆರವು ಬೇಕು. ಮುಖವೀಣೆಗೆ ಸಂದರ್ಭವೂ ಕೈಯೂ ಎರಡೂ ತಪ್ಪುತ್ತಿವೆ, ಅದರ ನುಡಿಕೆಯನ್ನು ದಾಖಲಿಸುವ, ಕಲಿಸುವ ಕೆಲಸ ತುರ್ತಾಗಿ ಆಗಬೇಕು. ಬುರ್ರಕಥೆಯ ತಂಬೂರಿಯನ್ನು ಗಾಜಿನ ಪೆಟ್ಟಿಗೆಯಲ್ಲಿಟ್ಟರೆ ಸಾಲದು, ಅದರೊಂದಿಗೆ ಹಾಡುವ ಕಾವ್ಯವೂ ಹೊಸ ಬಾಯಿಗಳಿಗೆ ದಾಟಬೇಕು. ಕಪ್ಪಗಲ್ಲಿನ ಬಂಡೆಗಳದ್ದು ಇನ್ನೂ ಸೂಕ್ಷ್ಮ ಸ್ಥಿತಿ. ಅವುಗಳಿಗೆ ಬೇಕಾದದ್ದು ಗಣಿಗಾರಿಕೆಯಿಂದ ರಕ್ಷಣೆ ಮಾತ್ರ. ಚರ್ಮ ಹರಿದರೆ ಹೊಸದು ಬಿಗಿಯಬಹುದು, ತಂತಿ ತುಂಡಾದರೆ ಬೇರೆ ಕಟ್ಟಬಹುದು. ಸಿಡಿಮದ್ದಿಗೆ ಒಡೆದುಹೋದ ಆ ಬಂಡೆಯನ್ನು ಮತ್ತೆ ಯಾರೂ ಮಾಡಿಕೊಡಲಾರರು. ಸಂಗನಕಲ್ಲಿನ ಗುಡ್ಡ, ಹಿರೇಬೆಣಕಲ್ಲು, ಹಂಪಿ, ಮರಿಯಮ್ಮನಹಳ್ಳಿ, ದರೋಜಿಗಳನ್ನು ಒಂದೇ ದಾರಿಯಲ್ಲಿ ಜೋಡಿಸಿ ಶಾಲೆಯ ಮಕ್ಕಳಿಗೆ ತೋರಿಸಿ, ಕೇಳಿಸಿದರೆ ವಾದ್ಯಗಳ ಚರಿತ್ರೆಯನ್ನು ಕಲಿಸಲು ಬೇರೆ ಪಾಠವೇ ಬೇಕಾಗುವುದಿಲ್ಲ.